ಆಗದೆ ಉಳಿದದ್ದರ ಲೆಕ್ಕ

ಪಿಎಚ್‌ಡಿ ಪ್ರಬಂಧದಲ್ಲಿ ಎಲ್ಲಕ್ಕಿಂತ ಕೊನೆಗೆ ಬರೆಯುವ ಪುಟ ಕೃತಜ್ಞತೆಯದು. ಓದುವವರು ಎಲ್ಲಕ್ಕಿಂತ ಮೊದಲು ತೆರೆಯುವುದೂ ಅದನ್ನೇ. ಹಲವರು ಅದೊಂದನ್ನೇ ಓದಿ ಮುಚ್ಚಿಡುತ್ತಾರೆ. ಕಳೆದ ತಿಂಗಳು ಆ ಪುಟ ಬರೆಯಲು ಕೂತೆ. ಮಾರ್ಗದರ್ಶಕರು, ವಿಭಾಗ, ಗ್ರಂಥಾಲಯದ ಸಿಬ್ಬಂದಿ, ಹಾಸ್ಟೆಲ್‌ನ ಗೆಳೆಯರು ಎಲ್ಲರೂ ಸಲೀಸಾಗಿ ಬಂದರು. ಅಕ್ಕನ ಹೆಸರಿನ ಹತ್ತಿರ ಬಂದು, 'ನಮ್ಮ ಮನೆಯ ಆಲ್‌ರೌಂಡರ್ ಆದ ನನ್ನ ಅಕ್ಕನಿಗೆ' ಎಂದು ಬರೆದೆ. ಬರೆದಾಗ ಚೆನ್ನಾಗಿದೆ ಅನಿಸಿತು. ಮರುದಿನ ಓದಿದಾಗ ಆ ಪದ ಗಂಟಲಿಗೆ ಸಿಕ್ಕಿಕೊಂಡಿತು.

ನಮ್ಮ ಊರು ಆಲೂರು ಮತ್ತು ಸಕಲೇಶಪುರ ತಾಲ್ಲೂಕುಗಳು ಸೇರುವ ಗುಡ್ಡಗಳಲ್ಲಿದೆ. ಆರು ಎಕರೆ ರೊಬಸ್ಟಾ, ಮರಗಳಿಗೆ ಹಬ್ಬಿಸಿದ ಕಾಳುಮೆಣಸು, ತಗ್ಗಿನಲ್ಲಿ ಒಂದಿಷ್ಟು ಗದ್ದೆ, ಮೂಲೆಯಲ್ಲೊಂದು ಕೆರೆ. ಅಪ್ಪನಿಗೆ ಎದೆನೋವು ಕಾಣಿಸಿಕೊಂಡ ವರ್ಷ ಅಕ್ಕ ಬಿ.ಕಾಂ. ಮುಗಿಸಿದ್ದಳು. ಮುಂದೆ ಓದುವ ಮಾತು ಆ ವರ್ಷ ಬರಲಿಲ್ಲ, ಮುಂದಿನ ವರ್ಷವೂ ಬರಲಿಲ್ಲ. ಆಳುಗಳ ಲೆಕ್ಕ, ಪಂಪಿನ ರಿಪೇರಿ, ಬ್ಯಾಂಕಿನ ಸಾಲ, ಅಮ್ಮನ ಔಷಧ, ಜೀಪಿನ ಸ್ಟೇರಿಂಗ್ ಎಲ್ಲವೂ ಒಂದೊಂದಾಗಿ ಅವಳ ಕೈಗೆ ಬಂದವು. ನೆಂಟರು ಬಂದಾಗೆಲ್ಲ, 'ನಿಮ್ಮ ಮಗಳು ಆಲ್‌ರೌಂಡರ್ ಕಣ್ರೀ' ಎನ್ನುತ್ತಿದ್ದರು. ಅಪ್ಪನ ಮುಖ ಅರಳುತ್ತಿತ್ತು. ನಾನೂ ನಗುತ್ತಿದ್ದೆ.

ಆ ಪದ ಕ್ರಿಕೆಟ್ಟಿನದು. ಅಲ್ಲಿ ಅದಕ್ಕಿರುವ ಅರ್ಥ ಏನು, ಅದನ್ನು ನಾವು ಮನೆಗೆ ತಂದಾಗ ಏನಾಗುತ್ತದೆ ಎಂದು ಯೋಚಿಸುತ್ತಿದ್ದಾಗ ಹಳೆಯ ಪಂದ್ಯವೊಂದು ನೆನಪಾಯಿತು. 2015ರ ಮಾರ್ಚ್ 8ರಿಂದ 12ರವರೆಗೆ ಮುಂಬೈನ ವಾಂಖೆಡೆ ಕ್ರೀಡಾಂಗಣದಲ್ಲಿ ನಡೆದ ರಣಜಿ ಟ್ರೋಫಿ ಫೈನಲ್. ಕರ್ನಾಟಕಕ್ಕೆ ಎದುರಾಳಿ ತಮಿಳುನಾಡು. ನಾನಾಗ ಪಿಯುಸಿ. ಪುಸ್ತಕವನ್ನು ಮಡಿಲಲ್ಲಿಟ್ಟುಕೊಂಡು ಟಿವಿ ನೋಡುತ್ತಿದ್ದ ದಿನಗಳು. ಆ ಪಂದ್ಯದ ಬಗ್ಗೆ ಯಾರು ಕೇಳಿದರೂ ನನ್ನ ಬಾಯಿಂದ ಬರುತ್ತಿದ್ದುದು ಒಂದೇ ಅಂಕಿ: ಕರುಣ್ ನಾಯರ್ 328. ರಣಜಿ ಫೈನಲ್‌ಗಳ ಅತಿ ದೊಡ್ಡ ಇನಿಂಗ್ಸ್ ಅದು. 1946-47ರ ಫೈನಲ್‌ನಲ್ಲಿ ಬರೋಡಾದ ಗುಲ್ ಮಹಮದ್ ಹೊಡೆದಿದ್ದ 319ನ್ನು ಅದು ಹಿಂದೆ ಹಾಕಿತು. ಸ್ವಲ್ಪ ಹೆಚ್ಚು ಕೇಳಿದರೆ ಕೆ.ಎಲ್. ರಾಹುಲ್ ಅವರ 188 ಎನ್ನುತ್ತಿದ್ದೆ. 84 ರನ್‌ಗೆ 5 ವಿಕೆಟ್ ಹೋಗಿದ್ದಾಗ ಆರನೇ ವಿಕೆಟ್ಟಿಗೆ ಅವರಿಬ್ಬರೂ ಸೇರಿಸಿದ್ದು 386 ರನ್.

ಕೃತಜ್ಞತೆಯ ಪುಟ ಬಿಟ್ಟು ಆ ಸ್ಕೋರ್‌ಕಾರ್ಡ್ ತೆರೆದಾಗ, ನಾನು ಕಣ್ಣಾರೆ ನೋಡಿದ್ದೇನೆ ಎಂದುಕೊಂಡಿದ್ದ ಪಂದ್ಯದಲ್ಲಿ ನಾನು ನೋಡದ ಒಬ್ಬ ಮನುಷ್ಯ ಇದ್ದ. ನಾಯಕ ಆರ್. ವಿನಯ್ ಕುಮಾರ್. ತಮಿಳುನಾಡಿನ ಮೊದಲ ಇನಿಂಗ್ಸ್ 134ಕ್ಕೆ ಮುಗಿಯಿತು. ಅದರಲ್ಲಿ ವಿನಯ್ 34 ರನ್ ಕೊಟ್ಟು 5 ವಿಕೆಟ್ ತೆಗೆದಿದ್ದರು. ಆಮೇಲೆ ಕೆಳ ಕ್ರಮಾಂಕದಲ್ಲಿ ಬಂದು ಔಟಾಗದೆ 105 ಹೊಡೆದಿದ್ದರು. ಒಂದೇ ಫೈನಲ್‌ನಲ್ಲಿ ನಾಯಕನೊಬ್ಬ ಐದು ವಿಕೆಟ್ ತೆಗೆದು ಶತಕವನ್ನೂ ಹೊಡೆಯುವುದು ಒಬ್ಬ ಆಟಗಾರನ ಇಡೀ ಬದುಕಿಗೆ ಸಾಕಾಗುವಷ್ಟು ದೊಡ್ಡ ಸಂಗತಿ. ಕರ್ನಾಟಕ 762 ರನ್ ಮಾಡಿತು. ತಮಿಳುನಾಡು ಎರಡನೇ ಇನಿಂಗ್ಸ್‌ನಲ್ಲಿ 411ಕ್ಕೆ ಆಲೌಟ್. ಇನಿಂಗ್ಸ್ ಮತ್ತು 217 ರನ್ ಗೆಲುವು. ಹನ್ನೊಂದು ವರ್ಷಗಳಿಂದ ನಾನು ಈ ಗೆಲುವಿನ ಕಥೆ ಹೇಳುತ್ತಿದ್ದೇನೆ. ನನ್ನ ಕಥೆಯಲ್ಲಿ ವಿನಯ್ ಇರಲೇ ಇಲ್ಲ.

ಇದು ಬರೀ ಮರೆವು ಎಂದು ಬಿಡಬಹುದಿತ್ತು. ಆದರೆ ವಿನಯ್ ಕುಮಾರ್ ಬಗ್ಗೆ ನನಗೆ ಬೇರೊಂದು ಅಂಕಿ ಚೆನ್ನಾಗಿ ನೆನಪಿತ್ತು, ಅದೇ ನನ್ನನ್ನು ಚುಚ್ಚಿತು. 2013ರ ನವೆಂಬರ್ 2ರಂದು ಬೆಂಗಳೂರಿನ ಚಿನ್ನಸ್ವಾಮಿ ಕ್ರೀಡಾಂಗಣದಲ್ಲಿ ಆಸ್ಟ್ರೇಲಿಯಾ ವಿರುದ್ಧದ ಏಕದಿನ ಪಂದ್ಯ. ರೋಹಿತ್ ಶರ್ಮಾ 209 ಹೊಡೆದ ದಿನ. ಅಂದು ವಿನಯ್ 9 ಓವರ್‌ಗಳಲ್ಲಿ 102 ರನ್ ಕೊಟ್ಟರು. ಭಾರತ ಆ ಪಂದ್ಯವನ್ನು ಗೆದ್ದಿತು, ಆದರೂ ತಮಾಷೆ ನಿಲ್ಲಲಿಲ್ಲ. ನಮ್ಮ ತರಗತಿಯಲ್ಲಿ ಯಾರಾದರೂ ಟೆನಿಸ್ ಬಾಲ್ ಪಂದ್ಯದಲ್ಲಿ ಹೊಡೆಸಿಕೊಂಡರೆ 'ವಿನಯ್ ಕುಮಾರ್' ಎಂದು ಕರೆಯುತ್ತಿದ್ದೆವು. ಅದೇ ಹೊತ್ತಿನಲ್ಲಿ ಅದೇ ವಿನಯ್ ನಾಯಕತ್ವದಲ್ಲಿ ಕರ್ನಾಟಕ ರಣಜಿ, ಇರಾನಿ, ವಿಜಯ್ ಹಜಾರೆ ಮೂರೂ ಕಪ್‌ಗಳನ್ನು ಸತತ ಎರಡು ಋತುಗಳಲ್ಲಿ ಗೆದ್ದುಕೊಂಡಿತು. ದಾವಣಗೆರೆಯಂಥ ಊರಿನಿಂದ ಬಂದು ಪ್ರಥಮ ದರ್ಜೆ ಕ್ರಿಕೆಟ್ಟಿನಲ್ಲಿ 500ಕ್ಕೂ ಹೆಚ್ಚು ವಿಕೆಟ್ ತೆಗೆದ ಬೌಲರ್ ಆತ. ನಾವು ಇಟ್ಟುಕೊಂಡದ್ದು 102ನ್ನು. ಅದಕ್ಕೆ ಹದಿನಾರು ತಿಂಗಳ ನಂತರ ಬಂದ 105ನ್ನು ಎಸೆದುಬಿಟ್ಟೆವು.

ಹಾಗಾದರೆ ಪ್ರಶ್ನೆ ಇದು: ಒಂದು ಕೆಲಸ ಚೆನ್ನಾಗಿ ಆದಾಗ ಅದರ ಶ್ರೇಯಸ್ಸನ್ನು ಹಂಚುವ ನಮ್ಮ ಲೆಕ್ಕದಲ್ಲಿ ತಪ್ಪೆಲ್ಲಿದೆ? ಅದು ಕಣ್ಣಿನ ತಪ್ಪೇ, ನ್ಯಾಯದ ತಪ್ಪೇ?

ವಿನಯ್ ಪರವಾಗಿ ವಾದಿಸುವ ಮೊದಲು ಎದುರು ವಾದವನ್ನೂ ಕೇಳಬೇಕು, ಏಕೆಂದರೆ ಅದು ಬಲವಾಗಿಯೇ ಇದೆ. ಕರುಣ್–ರಾಹುಲ್ ಜೊತೆಯಾಟ ಮುರಿದಾಗ ಕರ್ನಾಟಕದ ಮೊತ್ತ 470. ಮುನ್ನಡೆ ಆಗಲೇ 336. ಫೈನಲ್‌ನಲ್ಲಿ ಮೊದಲ ಇನಿಂಗ್ಸ್ ಮುನ್ನಡೆಯೇ ಕಪ್ ಕೊಡಿಸುತ್ತದೆ. ಅಂದರೆ ವಿನಯ್ ಶತಕ ಹೊಡೆಯುವ ಹೊತ್ತಿಗೆ ಪಂದ್ಯದ ಪ್ರಶ್ನೆ ಬಹುಮಟ್ಟಿಗೆ ತೀರ್ಮಾನವಾಗಿತ್ತು. 84ಕ್ಕೆ 5 ಇದ್ದಾಗ ನಿಂತ ಕರುಣ್ ಅವರ ಮೊದಲ ನೂರು ರನ್ ಮತ್ತು ತಂಡ 600 ದಾಟಿದ ಮೇಲೆ ಬಂದ ಯಾರದೇ ನೂರು ರನ್ ಒಂದೇ ತೂಕದವಲ್ಲ. ಶರಣರ ಕಾಲದ ಆಯ್ದಕ್ಕಿ ಲಕ್ಕಮ್ಮನ ಕಥೆ ನಮಗೆಲ್ಲ ಗೊತ್ತು: ಗಂಡ ಮಾರಯ್ಯ ಅಂದಿನ ಅಗತ್ಯಕ್ಕಿಂತ ಹೆಚ್ಚು ಅಕ್ಕಿ ಆಯ್ದು ತಂದಾಗ, ಹೆಚ್ಚಿನದನ್ನು ಅಲ್ಲೇ ಸುರಿದು ಬಾ ಎಂದು ಹಿಂದಕ್ಕೆ ಕಳಿಸಿದವಳು ಆಕೆ. ಕಾಯಕದ ಬೆಲೆ ರಾಶಿಯ ಎತ್ತರದಲ್ಲಿಲ್ಲ, ಅಗತ್ಯದಲ್ಲಿದೆ ಎಂದು ತಿಳಿದವಳು. ಲಕ್ಕಮ್ಮನ ಕಣ್ಣಲ್ಲಿ ನೋಡಿದರೆ 762ರಲ್ಲಿ ಎಷ್ಟು ರನ್ ಬೇಕಿದ್ದವು, ಎಷ್ಟು ಹೆಚ್ಚಾದವು?

ಈ ವಾದವನ್ನು ನಾನು ಒಪ್ಪುತ್ತೇನೆ. ಆದರೆ ಒಪ್ಪಿದ ಕೂಡಲೇ ಅದು ತಿರುಗಿ ಬೇರೆ ಕಡೆ ಕೈತೋರಿಸುತ್ತದೆ. ಅಗತ್ಯವೇ ಅಳತೆ ಎಂದಾದರೆ, ವಿನಯ್ ಪ್ರದರ್ಶನದಲ್ಲಿ ದೊಡ್ಡದು ಆ ಶತಕವಲ್ಲ. ಆ 34ಕ್ಕೆ 5. ತಮಿಳುನಾಡು ಮೊದಲ ದಿನ 134ರ ಬದಲು 350 ಮಾಡಿದ್ದರೆ, 84ಕ್ಕೆ 5 ಎಂಬುದು ಬರೀ ಆತಂಕವಾಗಿ ಉಳಿಯುತ್ತಿರಲಿಲ್ಲ, ಸೋಲಿನ ಬಾಗಿಲಾಗುತ್ತಿತ್ತು. ಕರುಣ್ ಮತ್ತು ರಾಹುಲ್‌ಗೆ ಅಷ್ಟು ತಾಳ್ಮೆಯಿಂದ ಆಡಲು ಸಿಕ್ಕ ಆವರಣವನ್ನು ಕಟ್ಟಿಕೊಟ್ಟದ್ದು ಮೊದಲ ದಿನದ ಬೌಲಿಂಗ್. ಅವರಿಬ್ಬರ ಆಟದ ಬೆಲೆ ಇದರಿಂದ ಕಡಿಮೆಯಾಗುವುದಿಲ್ಲ. ಆದರೆ ಗೋಡೆ ನೋಡುವಾಗ ಪಾಯವನ್ನು ಯಾರೂ ನೋಡುವುದಿಲ್ಲ.

ಇಲ್ಲೊಂದು ವಿಚಿತ್ರವಿದೆ. ಬ್ಯಾಟರ್‌ನ ಅಂಕಿ ಬೆಳೆಯುತ್ತದೆ: 50, 100, 200, 300. ಪ್ರತಿ ಮೆಟ್ಟಿಲಿಗೂ ಹೆಲ್ಮೆಟ್ ತೆಗೆದು ಬ್ಯಾಟ್ ಎತ್ತುವ ಅವಕಾಶವಿದೆ, ಚಪ್ಪಾಳೆಯಿದೆ. ಬೌಲರ್‌ನ ರನ್ನಿನ ಅಂಕಿ ಸಣ್ಣದಾದಷ್ಟೂ ಅವನ ಕೆಲಸ ದೊಡ್ಡದು. ಅವನ ಕೆಲಸದ ಅರ್ಧ ಭಾಗ ಯಾವುದೋ ಒಂದನ್ನು ಆಗದಂತೆ ತಡೆಯುವುದು. ಹೊಡೆಯದೇ ಉಳಿದ ರನ್ನಿಗೆ, ಬೆಳೆಯದೇ ಹೋದ ಜೊತೆಯಾಟಕ್ಕೆ ಸ್ಕೋರ್‌ಕಾರ್ಡಿನಲ್ಲಿ ಸಾಲು ಇಲ್ಲ. ಮೂಡಿದ್ದನ್ನು ಎಣಿಸಲು ಬರುತ್ತದೆ, ಮೂಡದೆ ಉಳಿದದ್ದನ್ನು ಎಣಿಸುವುದು ಹೇಗೆ?

ಕಾಫಿ ತೋಟದಲ್ಲಿ ಬೆಳೆದವರಿಗೆ ಇದು ಹೊಸ ಮಾತಲ್ಲ. ಮಾರ್ಚಿಯಲ್ಲಿ ಹೂಮಳೆ ಬಿದ್ದರೆ, ಬೀಳದಿದ್ದರೆ ಸ್ಪ್ರಿಂಕ್ಲರ್ ಹಾಕಿದರೆ, ಎಂಟು-ಹತ್ತು ದಿನಕ್ಕೆ ಗುಡ್ಡವಿಡೀ ಬೆಳ್ಳಗೆ ಅರಳುತ್ತದೆ. ಬೆಂಗಳೂರಿನವರು ಕಾರು ನಿಲ್ಲಿಸಿ ಫೋಟೊ ತೆಗೆಯುತ್ತಾರೆ. ಅದು ಎಲ್ಲರೂ ನೋಡುವ ಕೆಲಸ. ಮಳೆಗಾಲಕ್ಕೆ ಮುಂಚೆ ಮಾಡುವ ಮರಗಸಿ, ಚರಂಡಿ ಬಿಡಿಸುವುದು, ತೊಟ್ಟಿಲು ಗುಂಡಿ ತೆಗೆಯುವುದು, ಮೈಲುತುತ್ತ-ಸುಣ್ಣ ಬೆರೆಸಿದ ಬೋರ್ಡೋ ದ್ರಾವಣ ಹೊಡೆಯುವುದು ಯಾರ ಫೋಟೊದಲ್ಲೂ ಇರುವುದಿಲ್ಲ. ಅವನ್ನೆಲ್ಲ ಸರಿಯಾಗಿ ಮಾಡಿದರೆ ಏನಾಗುತ್ತದೆ? ಏನೂ ಆಗುವುದಿಲ್ಲ. ಎಲೆ ಉದುರುವುದಿಲ್ಲ, ಕಾಯಿ ಕೊಳೆಯುವುದಿಲ್ಲ, ಮೆಣಸಿನ ಬಳ್ಳಿ ಸೊರಗುವುದಿಲ್ಲ. ಏನೂ ಆಗದೆ ಇದ್ದದ್ದಕ್ಕೆ ಯಾರಿಗೆ ಬೋನಸ್ ಕೊಡುವುದು? 'ಈ ವರ್ಷ ಮಳೆ ಪರವಾಗಿಲ್ಲ' ಎಂದು ಮಳೆಗೇ ಶ್ರೇಯಸ್ಸು ಕೊಟ್ಟುಬಿಡುತ್ತೇವೆ.

ಆನೆಯ ವಿಷಯದಲ್ಲಿ ಇದು ಜೀವದ ಪ್ರಶ್ನೆ. ಆಲೂರು–ಸಕಲೇಶಪುರದ ಗುಡ್ಡಗಳಲ್ಲಿ ಕಾಡಾನೆಗಳು ಕಾಡಿಗಿಂತ ತೋಟದಲ್ಲೇ ಹೆಚ್ಚು ಓಡಾಡುತ್ತವೆ. ಹಿಂಡು ಎಲ್ಲಿದೆ ಎಂದು ಹಗಲೂ ರಾತ್ರಿ ಹಿಂಬಾಲಿಸಿ ತಿಳಿಸುವವರು ಅರಣ್ಯ ಇಲಾಖೆಯ ಕೆಳಹಂತದ ನೌಕರರು, ದಿನಗೂಲಿಯವರು. ಅವರು ಕಳಿಸಿದ ಸುದ್ದಿ ಬೆಳಿಗ್ಗೆ ಮೊಬೈಲಿಗೆ ಬಂದರೆ ಅಕ್ಕ ಆಳುಗಳನ್ನು ಆ ಕಡೆಗೆ ಕಳಿಸುವುದಿಲ್ಲ, ಬೇರೆ ಕೆಲಸ ಹೇಳುತ್ತಾಳೆ. ಯಾರಾದರೂ ಆನೆ ತುಳಿತಕ್ಕೆ ಸತ್ತ ದಿನ ರಸ್ತೆ ತಡೆ, ಟಿವಿ, ಶಾಸಕರ ಭೇಟಿ ಎಲ್ಲ ಇರುತ್ತದೆ. ಯಾರೂ ಸಾಯದ ದಿನಗಳು ಸುದ್ದಿಯಲ್ಲ. ಆ ದಿನಗಳನ್ನು ಮಾಡಿದವರು ಯಾರು ಎಂದು ಯಾರೂ ಕೇಳುವುದಿಲ್ಲ.

ತಡೆಯುವ ಕೆಲಸಕ್ಕೆ ಎಂದೂ ಹೆಸರು ಬರುವುದಿಲ್ಲವೇ? ಬರುತ್ತದೆ, ಅಪಾಯ ಎಲ್ಲರ ಕಣ್ಣಿಗೆ ಬಿದ್ದಾಗ ಮಾತ್ರ. ಅಪ್ಪ ಹೇಳುತ್ತಿದ್ದ ಇನ್ನೊಂದು ಫೈನಲ್ ಇದೆ. 1999ರ ಏಪ್ರಿಲ್, ಚಿನ್ನಸ್ವಾಮಿ, ಕರ್ನಾಟಕಕ್ಕೆ ಎದುರಾಳಿ ಮಧ್ಯಪ್ರದೇಶ. ಕರ್ನಾಟಕ 304, ಮಧ್ಯಪ್ರದೇಶ 379. 75 ರನ್ ಮುನ್ನಡೆ ಅವರದ್ದು. ಪಂದ್ಯ ಡ್ರಾ ಆದರೂ ಕಪ್ ಅವರದ್ದು. ಎರಡನೇ ಇನಿಂಗ್ಸ್‌ನಲ್ಲಿ ಕರ್ನಾಟಕ 321 ಮಾಡಿತು. ಕೊನೆಯ ದಿನ ಮಧ್ಯಪ್ರದೇಶ ಸುಮ್ಮನೆ ನಿಂತಿದ್ದರೂ ಸಾಕಿತ್ತು. ಆಗ ಚೆಂಡು ಹಿಡಿದದ್ದು ಕನ್ನಡಕದ ವಿಜಯ್ ಭಾರದ್ವಾಜ್. ಆ ಋತುವಿನಲ್ಲಿ ರನ್ನಿನ ರಾಶಿಯನ್ನೇ ಹಾಕಿದ್ದ ಬ್ಯಾಟರ್. ಆಫ್‌ಸ್ಪಿನ್ ಅವರಿಗೆ ಎರಡನೇ ಕೆಲಸ. 24 ರನ್‌ಗೆ 6 ವಿಕೆಟ್. ಮಧ್ಯಪ್ರದೇಶ 150ಕ್ಕೆ ಆಲೌಟ್, ಕರ್ನಾಟಕಕ್ಕೆ 96 ರನ್ ಜಯ. ಇಲ್ಲಿ ಬೌಲಿಂಗನ್ನು ಯಾರೂ ಮರೆಯಲಿಲ್ಲ, ಏಕೆಂದರೆ ಗಡಿಯಾರ ಓಡುತ್ತಿತ್ತು, ಕಪ್ ಕೈ ಜಾರುತ್ತಿರುವುದು ಎಲ್ಲರಿಗೂ ಕಾಣುತ್ತಿತ್ತು. ಅಂದು ಸೋತ ತಂಡದ ನಾಯಕ ಚಂದ್ರಕಾಂತ್ ಪಂಡಿತ್ ಆ ಸಂಜೆಯನ್ನು 23 ವರ್ಷ ಹೊತ್ತುಕೊಂಡಿದ್ದು, 2022ರಲ್ಲಿ ಅದೇ ಮೈದಾನದಲ್ಲಿ ಮಧ್ಯಪ್ರದೇಶದ ಕೋಚ್ ಆಗಿ ರಣಜಿ ಗೆದ್ದು ಕಣ್ಣೀರಿಟ್ಟರು.

ಭಾರದ್ವಾಜ್ ಕೊನೆಯ ದಿನ ಮಾಡಿದ್ದನ್ನು ವಿನಯ್ ಮೊದಲ ದಿನವೇ ಮಾಡಿದರು. ಮೊದಲ ದಿನ ಅಪಾಯಕ್ಕೆ ಇನ್ನೂ ಮುಖ ಮೂಡಿರುವುದಿಲ್ಲ. ಕಾಯಿಲೆ ಬಂದ ಮೇಲೆ ಗುಣಪಡಿಸಿದ ವೈದ್ಯರ ಫೋಟೊ ಗೋಡೆಯ ಮೇಲಿರುತ್ತದೆ. ಕಾಯಿಲೆಯೇ ಬಾರದಂತೆ ನೀರು ಕಾಯಿಸಿ ಕೊಟ್ಟವರ ಫೋಟೊ ಇರುವುದಿಲ್ಲ. ನಮ್ಮ ಕೃತಜ್ಞತೆಗೆ ಮೊದಲು ಭಯ ಬೇಕು. ಭಯವೇ ಹುಟ್ಟದಂತೆ ನೋಡಿಕೊಂಡವರಿಗೆ ಕೊಡಲು ನಮ್ಮ ಹತ್ತಿರ ಏನೂ ಇರುವುದಿಲ್ಲ.

ಆಲ್‌ರೌಂಡರ್‌ನ ವಿಷಯ ನನಗೆ ಮುಖ್ಯವೆನಿಸುವುದು ಇದೇ ಕಾರಣಕ್ಕೆ. ಕಟ್ಟುವ ಕೆಲಸ ಒಬ್ಬರದು, ತಡೆಯುವ ಕೆಲಸ ಇನ್ನೊಬ್ಬರದು ಆಗಿದ್ದರೆ, ಅವರವರ ಅದೃಷ್ಟ ಎನ್ನಬಹುದಿತ್ತು. ಎರಡೂ ಒಬ್ಬರದ್ದೇ ಆದಾಗಲೂ ನಾವು ಅವರ ಒಂದು ಕೈಯನ್ನಷ್ಟೇ ನೋಡುತ್ತೇವೆ. ಇನ್ನೂ ದೊಡ್ಡದೊಂದು ಕೈ ಪಕ್ಕದಲ್ಲಿದ್ದರೆ ಅದನ್ನೂ ನೋಡುವುದಿಲ್ಲ.

ಹಾಗೆಂದು ದೊಡ್ಡ ಅಂಕಿಯವರ ಪಾಲಿಗೆ ಜಗತ್ತು ನ್ಯಾಯವಾಗಿದೆ ಎಂದೇನಲ್ಲ. ಅದೇ ಕರುಣ್ ನಾಯರ್ 2016ರ ಡಿಸೆಂಬರ್‌ನಲ್ಲಿ ಚೆನ್ನೈನಲ್ಲಿ ಇಂಗ್ಲೆಂಡ್ ವಿರುದ್ಧ ಔಟಾಗದೆ 303 ಹೊಡೆದು, ಕೆಲವೇ ಟೆಸ್ಟ್‌ಗಳ ನಂತರ ತಂಡದಿಂದ ಹೊರಬಿದ್ದು, ಮರಳಿ ಟೆಸ್ಟ್ ಆಡಲು 2025ರವರೆಗೆ ಕಾಯಬೇಕಾಯಿತು. ಚಪ್ಪಾಳೆಯನ್ನು ನಂಬಿ ಬದುಕಲು ಆಗುವುದಿಲ್ಲ ಎಂಬುದು ಇಬ್ಬರಿಗೂ ಅನ್ವಯ.

ಇಲ್ಲಿ ಸಾಮಾನ್ಯವಾಗಿ ಒಂದು ಸಮಾಧಾನ ಬರುತ್ತದೆ: ಕೆಲಸ ಮಾಡು, ಫಲದ ಯೋಚನೆ ಬಿಡು. ಗೀತೆಯ ಈ ಬೋಧೆಯನ್ನು ನಾನು ಹಗುರವಾಗಿ ನೋಡುವುದಿಲ್ಲ. ಸಂಶೋಧನೆ ಮಾಡುವ ಯಾರಿಗೂ ಅದಿಲ್ಲದೆ ಬೆಳಗಾಗುವುದಿಲ್ಲ. ಆದರೆ ಆ ಮಾತು ಯಾರ ಬಾಯಿಂದ ಯಾರ ಕಿವಿಗೆ ಹೋಗುತ್ತಿದೆ ಎಂಬುದರ ಮೇಲೆ ಅದರ ನೀತಿ ನಿಂತಿದೆ. ಕೆಲಸ ಮಾಡುವವರು ತಮಗೆ ತಾವೇ ಹೇಳಿಕೊಂಡರೆ ಅದು ಬಿಡುಗಡೆ. ಫಲ ಉಣ್ಣುವವರು ಕೆಲಸ ಮಾಡುವವರಿಗೆ ಹೇಳಿದರೆ ಅದು ಸಂಬಳ ಉಳಿಸುವ ಉಪಾಯ. ವಿನಯ್ ಕುಮಾರ್ ತಮ್ಮ 34ಕ್ಕೆ 5ನ್ನು ಮರೆತು ಮುಂದೆ ಹೋಗಬಹುದು, ಅದು ಅವರ ದೊಡ್ಡತನ. ನಾನು ಮರೆತರೆ ಅದನ್ನು ಅವರ ದೊಡ್ಡತನದ ಖಾತೆಗೆ ಬರೆಯಲು ಬರುವುದಿಲ್ಲ.

ಇನ್ನೊಂದು ವ್ಯತ್ಯಾಸವೂ ಇದೆ, ಅದನ್ನು ನನಗೆ ತೋರಿಸಿಕೊಟ್ಟದ್ದು ಒಂದು ಆನೆ. ಮೈಸೂರು ದಸರಾದ ಅರ್ಜುನ 2012ರಿಂದ 2019ರವರೆಗೆ ಎಂಟು ಬಾರಿ 750 ಕಿಲೋ ತೂಕದ ಚಿನ್ನದ ಅಂಬಾರಿ ಹೊತ್ತವನು. ನಾಡಿಗೆ ನಾಡೇ ನಿಂತು ನೋಡಿದ ಕೆಲಸ ಅದು. 60 ದಾಟಿದ ಆನೆಗೆ ಭಾರ ಹೊರಿಸಬಾರದೆಂದು ಅಂಬಾರಿ ಅವನ ಬೆನ್ನಿನಿಂದ ಇಳಿಯಿತು. ಆದರೆ ಅವನ ಎರಡನೇ ಕೆಲಸ ಇಳಿಯಲಿಲ್ಲ: ಕಾಡಾನೆ ಹಿಡಿಯುವ ಕಾರ್ಯಾಚರಣೆಯಲ್ಲಿ ಮುಂದೆ ನಿಲ್ಲುವುದು. 2023ರ ಡಿಸೆಂಬರ್ 4ರಂದು ನಮ್ಮದೇ ಸಕಲೇಶಪುರ ತಾಲ್ಲೂಕಿನ ಯಸಳೂರು ವಲಯದ ಕಾಡಿನಲ್ಲಿ, ಮದವೇರಿದ ಸಲಗವೊಂದರ ಜೊತೆ ಕಾದಾಡುತ್ತ ಅವನು ಸತ್ತ. ಅವನನ್ನು ಹೂತದ್ದೂ ಅಲ್ಲೇ. ಅಂದು ರಾತ್ರಿ ಅಕ್ಕ ಫೋನ್ ಮಾಡಿ ತುಂಬಾ ಹೊತ್ತು ಮಾತಾಡಲಿಲ್ಲ. 'ಅಂಬಾರಿ ಹೊರೋಕೆ ವಯಸ್ಸಾಯ್ತು ಅಂದ್ರು. ಇದಕ್ಕೆ ವಯಸ್ಸಾಗಿರಲಿಲ್ವಾ?' ಎಂದಷ್ಟೇ ಕೇಳಿದಳು.

ಅರ್ಜುನನನ್ನೂ ಆಲ್‌ರೌಂಡರ್ ಎನ್ನಬಹುದು. ಆದರೆ ಅವನು ಎರಡೂ ಕೆಲಸಗಳಲ್ಲಿ ಯಾವುದನ್ನೂ ಆರಿಸಿಕೊಂಡವನಲ್ಲ. ವಿನಯ್ ಬ್ಯಾಟ್ ಹಿಡಿದದ್ದು ಹೆಚ್ಚಿನದೇನನ್ನೋ ಮಾಡಬೇಕೆಂಬ ಆಸೆಯಿಂದ; ಅವರು ಔಟಾಗಿದ್ದರೆ ಮುಂದೆ ಆಡಲು ಬೇರೊಬ್ಬರಿದ್ದರು. ಆಲ್‌ರೌಂಡರ್ ಎಂಬುದು ಹೊಗಳಿಕೆಯಾಗುವುದು ಆ ಎರಡನೇ ಕೆಲಸವನ್ನು 'ಒಲ್ಲೆ' ಎನ್ನುವ ಸ್ವಾತಂತ್ರ್ಯವಿದ್ದಾಗ. ಅದಿಲ್ಲದ ಕಡೆ ಆ ಪದ, ಎರಡು ಜನ ಹೊರಬೇಕಾದ ಹೊರೆಯನ್ನು ಒಬ್ಬರ ಮೇಲೆ ಹೊರಿಸಿದವರು ಕಟ್ಟುವ ಹೂಮಾಲೆ. ತೋಟದಲ್ಲಿ ಹಗಲಿಡೀ ಹಣ್ಣು ಬಿಡಿಸಿ ಲೈನ್‌ಮನೆಗೆ ಹೋಗಿ ಒಲೆ ಹಚ್ಚುವ ಹೆಂಗಸರನ್ನು ಯಾರೂ ಆಲ್‌ರೌಂಡರ್ ಎನ್ನುವುದಿಲ್ಲ ಎಂಬುದನ್ನೂ ಇಲ್ಲೇ ನೆನೆಯಬೇಕು. ಅವರ ಪಾಲಿಗೆ ಹೂಮಾಲೆಯೂ ಇಲ್ಲ.

ಹಾಗಾದರೆ ನ್ಯಾಯವಾದ ಲೆಕ್ಕ ಸಾಧ್ಯವೇ ಇಲ್ಲವೇ? ಸ್ವಲ್ಪಮಟ್ಟಿಗೆ ಸಾಧ್ಯ ಅನಿಸುತ್ತದೆ, ಕಾಲದ ಚೌಕಟ್ಟನ್ನು ಹಿಗ್ಗಿಸಿದರೆ. 2025ರ ನವೆಂಬರ್ 2ರಂದು ನವಿ ಮುಂಬೈನಲ್ಲಿ ನಡೆದ ಮಹಿಳಾ ವಿಶ್ವಕಪ್ ಫೈನಲ್‌ನಲ್ಲಿ ದಕ್ಷಿಣ ಆಫ್ರಿಕಾ ವಿರುದ್ಧ ದೀಪ್ತಿ ಶರ್ಮಾ 58 ರನ್ ಹೊಡೆದು, 39 ರನ್‌ಗೆ 5 ವಿಕೆಟ್ ತೆಗೆದರು. ಪಂದ್ಯಶ್ರೇಷ್ಠ ಪ್ರಶಸ್ತಿ ಹೋದದ್ದು 87 ರನ್ ಮತ್ತು 2 ವಿಕೆಟ್ ಪಡೆದ ಶಫಾಲಿ ವರ್ಮಾಗೆ. ಅದು ತಪ್ಪು ಎಂದು ನಾನು ಹೇಳುವುದಿಲ್ಲ. ಬದಲಿ ಆಟಗಾರ್ತಿಯಾಗಿ ಬಂದು ಫೈನಲ್‌ನಲ್ಲಿ ಹಾಗೆ ಆಡುವುದು ಸಣ್ಣ ಮಾತಲ್ಲ. ಆದರೆ ಇಡೀ ಟೂರ್ನಿಯ ಲೆಕ್ಕ ಹಾಕಿದಾಗ ಸರಣಿಶ್ರೇಷ್ಠ ಪ್ರಶಸ್ತಿ ದೀಪ್ತಿಗೇ ಬಂತು: 215 ರನ್, 22 ವಿಕೆಟ್. ಒಂದು ದಿನದ ಅಳತೆಗೆ ಸಿಕ್ಕದ್ದು ಒಂದು ತಿಂಗಳ ಅಳತೆಗೆ ಸಿಕ್ಕಿತು. ಎರಡು ಕೈಯಲ್ಲಿ ದುಡಿಯುವವರನ್ನು ನೋಡಲು ದೀರ್ಘವಾದ ನೋಟ ಬೇಕು. ಮನೆಯಲ್ಲಿ ಅಂಥ ಟೂರ್ನಿ ಮುಗಿಯುವ ದಿನವೇ ಬರುವುದಿಲ್ಲವಾದ್ದರಿಂದ ಆ ನೋಟವನ್ನು ನಡುವೆಯೇ ಯಾರಾದರೂ ಬಲವಂತವಾಗಿ ತಂದುಕೊಳ್ಳಬೇಕು.

ಈ ಬರಹ ಅರ್ಧವಾಗಿದ್ದಾಗ ಅಕ್ಕನಿಗೆ ಫೋನ್ ಮಾಡಿ, '2015ರ ಫೈನಲ್ ನೆನಪಿದೆಯಾ?' ಎಂದು ಕೇಳಿದೆ.

'ಹೂಂ. ವಿನಯ್ ಕುಮಾರ್ ಮೊದಲ ದಿನವೇ ಮುಗಿಸಿದ್ನಲ್ಲ, ಅದಲ್ವಾ?'

ನಾನು ಒಂದು ಕ್ಷಣ ಸುಮ್ಮನಾದೆ. ಆಮೇಲೆ ಲೆಕ್ಕ ಹಾಕಿದೆವು. ಮಾರ್ಚ್ 8 ಭಾನುವಾರ. ಆಳುಗಳಿಗೆ ರಜೆ, ಸ್ಪ್ರಿಂಕ್ಲರ್ ಎಂಜಿನ್‌ಗೂ ರಜೆ. ಅಂದು ಅವಳು ಟಿವಿ ಮುಂದೆ ಕೂತಿದ್ದಳು. ನಾನು ಟ್ಯೂಷನ್‌ಗೆಂದು ಸಕಲೇಶಪುರಕ್ಕೆ ಹೋಗಿದ್ದೆ. ಸೋಮವಾರದಿಂದ ನಾನು ಟಿವಿ ಮುಂದೆ. ಅವಳು ಕೆರೆಯ ಹತ್ತಿರ, ಎಂಜಿನ್‌ಗೆ ಡೀಸೆಲ್ ಸುರಿಯುತ್ತ, ಗಂಟೆ ನೋಡಿಕೊಂಡು ಪೈಪು ಬದಲಿಸುತ್ತ. ನಾನು ನೋಡಿದ್ದು 328. ಅವಳು ನೋಡಿದ್ದು 34ಕ್ಕೆ 5. ನಾನು ಒಳಗೆ ಕೂತು ಕರುಣ್‌ಗೆ ಚಪ್ಪಾಳೆ ತಟ್ಟಿದ ಆ ನಾಲ್ಕು ದಿನಗಳ ನೀರಿಗೆ ಆ ವರ್ಷದ ಕಾಫಿ ಹೂ ಕಟ್ಟಿತು. ನನ್ನ ಪದವಿಯ ಮೊದಲ ವರ್ಷದ ಶುಲ್ಕ ಆ ಫಸಲಿನಿಂದ ಹೋದದ್ದು.

ಅದನ್ನು ಹೇಳಲು ಹೋದೆ. ಕೃತಜ್ಞತೆಯ ಪುಟದಲ್ಲಿ ನಿನ್ನ ಬಗ್ಗೆ ಏನು ಬರೆಯಲಿ ಎಂದೂ ಕೇಳಿದೆ. ಆಲ್‌ರೌಂಡರ್ ಎಂದು ಬರೆದಿದ್ದೆ, ಹೊಡೆದುಹಾಕಿದೆ ಎಂದೆ.

'ಎಂಥದ್ದೋ ಬರಿ ಮಾರಾಯ' ಎಂದಳು. 'ಅದಿರಲಿ, ಮೇ ಕೊನೆಗೆ ಬರ್ತೀಯಾ? ಮಳೆ ಹಿಡಿಯೋ ಮೊದಲು ಬೋರ್ಡೋ ಹೊಡೀಬೇಕು. ಜನ ಸಿಗ್ತಿಲ್ಲ.'

ಪ್ರಬಂಧ ಸಲ್ಲಿಸಲು ನನಗಿರುವ ಗಡುವೂ ಮೇ ಕೊನೆಯೇ. ಹಿಂದಿನ ವರ್ಷಗಳಲ್ಲಿ ಇಂಥದೇ ಯಾವುದೋ ಗಡುವು ಹೇಳಿ ತಪ್ಪಿಸಿಕೊಂಡಿದ್ದೇನೆ, ಅವಳು 'ಪರವಾಗಿಲ್ಲ ಬಿಡು' ಎಂದಿದ್ದಾಳೆ. ಈ ಸಲ ಮಾರ್ಗದರ್ಶಕರನ್ನು ಕೇಳಿ ಎರಡು ವಾರ ಹೆಚ್ಚು ಸಮಯ ತೆಗೆದುಕೊಂಡೆ. ಕೃತಜ್ಞತೆಯ ಪುಟದಲ್ಲಿ ಅಕ್ಕನ ಸಾಲು ಇನ್ನೂ ಖಾಲಿ ಇದೆ. 20ರ ರಾತ್ರಿಯ ಬಸ್ಸಿಗೆ ಸೀಟು ಹಿಡಿದಿದ್ದೇನೆ.